ಜನವರಿ 1, 1970, ಬೆಳಿಗ್ಗೆ ಐದೂವರೆ

ಅಜ್ಜಿ ಹೋದ ಮೇಲೆ ಬೀರುವಿನಲ್ಲಿ ಅವರ ಹಳೆ ಫೋನ್ ಸಿಕ್ಕಿತು. ಎಷ್ಟೋ ವರ್ಷ ಸುಮ್ನೆ ಬಿದ್ದಿದ್ದ ಫೋನು. ಚಾರ್ಜಿಗೆ ಹಾಕಿದರೆ ಆನ್ ಆಯಿತು. ಒಳಗೆ ನೂರಾರು ಫೋಟೋ. ಒಂದೊಂದಾಗಿ ಲ್ಯಾಪ್‌ಟಾಪಿಗೆ ಹಾಕಿಕೊಂಡೆ, ವರ್ಷದ ಪ್ರಕಾರ ಜೋಡಿಸಿಡೋಣ ಅಂತ. ನೋಡಿದರೆ ಎಲ್ಲದರ ದಿನಾಂಕವೂ ಒಂದೇ: 01-01-1970, ಬೆಳಿಗ್ಗೆ 5:30. ಹಿತ್ತಲಲ್ಲಿ ದಾಸವಾಳ ಕೀಳುತ್ತಿರುವ ಅಜ್ಜಿ, ಮದುವೆ ಮನೆಯ ಊಟದ ಸಾಲು, ಮಧ್ಯಾಹ್ನದ ಬಿಸಿಲಲ್ಲಿ ಒಣಗಲು ಹಾಕಿದ ಹಪ್ಪಳ, ಎಲ್ಲವೂ ಅದೇ ಬೆಳಿಗ್ಗೆ ಐದೂವರೆಗೆ.

ಈ ದಿನಾಂಕವನ್ನು ನೀವೂ ಎಲ್ಲಾದರೂ ನೋಡಿರುತ್ತೀರಿ. ಫೋನ್ ಕೆಟ್ಟಾಗ, ಫೈಲ್ ಕಾಪಿ ಮಾಡುವಾಗ, ಯಾವುದೋ ಆ್ಯಪ್‌ನಲ್ಲಿ ಮಾಹಿತಿ ಇಲ್ಲದ ಕಡೆ ಇದು ಕಾಣಿಸುತ್ತದೆ. ಇದು ಕಂಪ್ಯೂಟರ್‌ನ ಸೊನ್ನೆ. ದಿನಾಂಕ ಇರಬೇಕಾದ ಜಾಗದಲ್ಲಿ ಏನೂ ಇಲ್ಲ ಎಂದಾಗ ಅಲ್ಲಿ ಸೊನ್ನೆ ಉಳಿಯುತ್ತದೆ. ಆ ಸೊನ್ನೆಯನ್ನೇ ತಂತ್ರಾಂಶ ದಿನಾಂಕ ಅಂದುಕೊಂಡು ತೋರಿಸಿಬಿಡುತ್ತದೆ.

ಯಾಕೆಂದರೆ ಕಂಪ್ಯೂಟರ್‌ಗೆ ವರ್ಷ, ತಿಂಗಳು, ತಾರೀಖು ಒಂದೂ ಗೊತ್ತಿಲ್ಲ. ಅದಕ್ಕೆ ಗೊತ್ತಿರುವುದು ಎಣಿಕೆ ಮಾತ್ರ. ಯುನಿಕ್ಸ್ ಎಂಬ ಕಾರ್ಯಾಚರಣೆ ವ್ಯವಸ್ಥೆ ಕಟ್ಟಿದವರು 1970ರ ಜನವರಿ 1ರ ಮಧ್ಯರಾತ್ರಿಯನ್ನು ಸೊನ್ನೆ ಎಂದು ಹಿಡಿದರು. ಅಲ್ಲಿಂದ ಎಷ್ಟು ಸೆಕೆಂಡು ಕಳೆಯಿತು, ಅಷ್ಟೇ ಲೆಕ್ಕ. ದಿನಕ್ಕೆ 86,400 ಸೆಕೆಂಡು. ಆ ಮಧ್ಯರಾತ್ರಿ ಗ್ರೀನಿಚ್‌ನದ್ದು, ಅಂದರೆ ಯುಟಿಸಿ ಎಂಬ ಜಾಗತಿಕ ಸಮಯದ್ದು. ನಮ್ಮ ಗಡಿಯಾರ ಅದಕ್ಕಿಂತ ಐದೂವರೆ ಗಂಟೆ ಮುಂದೆ. ಹಾಗಾಗಿ ಸೊನ್ನೆ ಎಂಬುದು ಭಾರತದಲ್ಲಿ ಬೆಳಿಗ್ಗೆ 5:30. ನ್ಯೂಯಾರ್ಕ್‌ನಲ್ಲಿ ಕೂತವರಿಗೆ ಇದೇ ಸೊನ್ನೆ 1969ರ ಡಿಸೆಂಬರ್ 31ರ ಸಂಜೆಯಾಗಿ ಕಾಣುತ್ತದೆ.

ದಿನ ಅನ್ನುವುದು ಒಂದಾದ ಮೇಲೊಂದು ಬರುತ್ತಲೇ ಇರುವ ಸಾಲು. ಯಾವುದೋ ಒಂದು ದಿನಕ್ಕೆ ಗೂಟ ಹೊಡೆದು ಅಲ್ಲಿಂದ ಎಣಿಸಿದರೆ ಪ್ರತಿ ದಿನಕ್ಕೂ ಒಂದು ನಂಬರು ಸಿಗುತ್ತದೆ. ನವೆಂಬರ್, ಕಾರ್ತಿಕ, ರಂಜಾನ್ ಎಲ್ಲ ಆ ನಂಬರಿಗೆ ನಾವು ತೊಡಿಸುವ ಬಟ್ಟೆ. ಬಟ್ಟೆ ಬದಲಾದರೂ ಒಳಗಿನ ನಂಬರು ಬದಲಾಗುವುದಿಲ್ಲ. ಇದು ಕಂಪ್ಯೂಟರಿನವರು ಕಂಡುಹಿಡಿದದ್ದಲ್ಲ. ನಮ್ಮ ಜೋಯಿಸರಿಗೆ ಒಂದೂವರೆ ಸಾವಿರ ವರ್ಷದ ಹಿಂದೆಯೇ ಇದು ಗೊತ್ತಿತ್ತು. ಅದನ್ನು ತೋರಿಸಲು ಮೊದಲು ಒಂದು ಲೆಕ್ಕ ಕೈಯಲ್ಲೇ ಮಾಡೋಣ.

1956ರ ನವೆಂಬರ್ 1. ಕನ್ನಡ ನಾಡು ಒಂದಾದ ದಿನ. ಅವತ್ತು ಯಾವ ವಾರ? ಅಲ್ಲಿಂದ 1970ರ ಜನವರಿ 1ಕ್ಕೆ ಎಷ್ಟು ದಿನ ಅಂತ ಎಣಿಸೋಣ. 1956ರಲ್ಲಿ ಉಳಿದದ್ದು ನವೆಂಬರಿನ 30, ಡಿಸೆಂಬರಿನ 31, ಒಟ್ಟು 61. ಆಮೇಲೆ 1957ರಿಂದ 1969ರ ತನಕ 13 ವರ್ಷ. ವರ್ಷಕ್ಕೆ 365ರಂತೆ 4745. ನಡುವೆ ಫೆಬ್ರವರಿ 29 ಬಂದ ವರ್ಷಗಳು 1960, 1964, 1968, ಅಂದರೆ ಇನ್ನೊಂದು 3. ಎಲ್ಲ ಕೂಡಿದರೆ 4809. ಯುನಿಕ್ಸ್ ಲೆಕ್ಕದಲ್ಲಿ ನಮ್ಮ ಏಕೀಕರಣದ ದಿನದ ನಂಬರು ಮೈನಸ್ 4809. ಇದನ್ನು 7ರಿಂದ ಭಾಗಿಸಿ. ಸರಿಯಾಗಿ 687 ವಾರ, ಶೇಷ ಸೊನ್ನೆ. 1970ರ ಜನವರಿ 1 ಗುರುವಾರ. ಹಾಗಾದರೆ 1956ರ ನವೆಂಬರ್ 1 ಕೂಡ ಗುರುವಾರವೇ. ಕ್ಯಾಲೆಂಡರ್ ತೆಗೆಯಲೇ ಬೇಕಾಗಲಿಲ್ಲ, ಅಲ್ವಾ?

ಈಗ ಜೋಯಿಸರ ಲೆಕ್ಕಕ್ಕೆ ಬರೋಣ. ಅವರ ಸೊನ್ನೆ ಕಲಿಯುಗದ ಆರಂಭ. ಇಂದಿನ ವಿದ್ವಾಂಸರ ಲೆಕ್ಕದಲ್ಲಿ ಅದು ಕ್ರಿ.ಪೂ. 3102ರ ಫೆಬ್ರವರಿ 18, ಶುಕ್ರವಾರ. ಅಲ್ಲಿಂದ ಕಳೆದ ದಿನಗಳ ರಾಶಿಗೆ ಅಹರ್ಗಣ ಎಂದು ಹೆಸರು. ಅಹಸ್ ಅಂದರೆ ಹಗಲು, ದಿನ. ಗಣ ಅಂದರೆ ಗುಂಪು. ಗ್ರಹ ಎಲ್ಲಿದೆ, ಗ್ರಹಣ ಯಾವಾಗ ಎಂದು ತಿಳಿಯಲು ಜೋಯಿಸರು ಮೊದಲು ಮಾಡುತ್ತಿದ್ದದ್ದು ಅಹರ್ಗಣದ ಲೆಕ್ಕ. ಬಂದ ಸಂಖ್ಯೆಯನ್ನು 7ರಿಂದ ಭಾಗಿಸಿ, ಶೇಷವನ್ನು ಶುಕ್ರವಾರದಿಂದ ಎಣಿಸಿ, ವಾರ ಸರಿ ಬಂತಾ ಅಂತ ನೋಡುತ್ತಿದ್ದರು. ಬಂದರೆ ಲೆಕ್ಕ ಸರಿ. ಬರದಿದ್ದರೆ ಎಲ್ಲೋ ಒಂದು ದಿನ ತಪ್ಪಿದೆ.

ಕಂಪ್ಯೂಟರಿನ ಸೊನ್ನೆಗೆ ಇದನ್ನೇ ಮಾಡಿ ನೋಡಿ. 1970ರ ಜನವರಿ 1ಕ್ಕೆ ಕಲಿಯುಗದ 18,52,122 ದಿನಗಳು ಕಳೆದಿದ್ದವು. 7ರಿಂದ ಭಾಗಿಸಿದರೆ ಶೇಷ 6. ಶುಕ್ರವಾರವನ್ನು ಸೊನ್ನೆ ಎಂದು ಹಿಡಿದು ಶನಿ, ಭಾನು, ಸೋಮ, ಮಂಗಳ, ಬುಧ, ಗುರು ಎಂದು ಆರು ಎಣಿಸಿ. ಗುರುವಾರ. ನಾನು ಇದನ್ನು ಮೊದಲ ಸಲ ಕಾಗದದ ಮೇಲೆ ಮಾಡಿದಾಗ ಮೈ ಜುಮ್ಮೆಂದಿತ್ತು. ಎರಡು ಬೇರೆ ಬೇರೆ ಕಾಲದವರು, ಒಬ್ಬರಿಗೊಬ್ಬರು ಪರಿಚಯವಿಲ್ಲದವರು, ಒಂದೇ ಸಾಲಿನಲ್ಲಿ ಎರಡು ಗೂಟ ಹೊಡೆದಿದ್ದಾರೆ. ನಡುವಿನ ಅಂತರ 18,52,122. ಅಷ್ಟೇ ವ್ಯತ್ಯಾಸ.

ಎರಡು ಗೂಟಗಳಿಂದ ಒಂದೇ ಕಾಲವನ್ನು ಅಳೆದು ಬರೆದ ಉದಾಹರಣೆ ನಮ್ಮ ನಾಡಿನಲ್ಲೇ ಕಲ್ಲಿನ ಮೇಲಿದೆ. ಬಾಗಲಕೋಟೆ ಜಿಲ್ಲೆಯ ಐಹೊಳೆಯಲ್ಲಿ, ಮೇಗುಟಿ ಗುಡ್ಡದ ಮೇಲಿನ ಜೈನ ಬಸದಿಯ ಗೋಡೆಗೆ ಸೇರಿಸಿದ ಶಾಸನ ಅದು. ಇಮ್ಮಡಿ ಪುಲಕೇಶಿಯ ಕಾಲದ್ದು, ರವಿಕೀರ್ತಿ ಬರೆದದ್ದು. ಅದರಲ್ಲಿ ಬಸದಿ ಕಟ್ಟಿದ ವರ್ಷವನ್ನು ಎರಡು ಥರ ಹೇಳಿದೆ. ಭಾರತ ಯುದ್ಧದಿಂದ, ಅಂದರೆ ಕಲಿಯುಗದ ಲೆಕ್ಕದಲ್ಲಿ, 3735 ವರ್ಷ ಕಳೆದಾಗ, ಶಕ ರಾಜರ ವರ್ಷ 556 ಕಳೆದಾಗ. ಮೊದಲನೆಯದರಿಂದ ಎರಡನೆಯದನ್ನು ಕಳೆಯಿರಿ: 3179. ಈಗ 2025ರ ಯುಗಾದಿಗೆ ಕೊಂಡ ಯಾವುದಾದರೂ ಪಂಚಾಂಗದ ಮೊದಲ ಪುಟ ನೋಡಿ. ಕಲಿಯುಗದಲ್ಲಿ ಕಳೆದ ವರ್ಷ 5126, ಶಕ 1947. ಕಳೆದರೆ ಅದೇ 3179. ಐಹೊಳೆಯ ಕಲ್ಲು ಕ್ರಿ.ಶ. 634ರ ಸುಮಾರಿನದ್ದು. ಸುಮಾರು 1,390 ವರ್ಷವಾದರೂ ಆ ವ್ಯತ್ಯಾಸ ಒಂದಂಕಿಯೂ ಕದಲಿಲ್ಲ.

ತಂತ್ರಾಂಶ ಬರೆಯುವವರು ದಿನವೂ ಮಾಡುವುದು ಇದನ್ನೇ. ಎಕ್ಸೆಲ್ ಎಂಬ ಲೆಕ್ಕದ ಹಾಳೆಯ ತಂತ್ರಾಂಶದಲ್ಲಿ ದಿನದ ಲೆಕ್ಕ ಬೇರೆ ಗೂಟದಿಂದ ಶುರುವಾಗುತ್ತದೆ. ಅದರಲ್ಲಿ 1970ರ ಜನವರಿ 1ರ ನಂಬರು 25,569. ಯುನಿಕ್ಸ್ ದಿನದ ನಂಬರಿಗೆ 25,569 ಕೂಡಿಸಿದರೆ ಎಕ್ಸೆಲ್ ನಂಬರು. ಶಕ ವರ್ಷಕ್ಕೆ 3179 ಕೂಡಿಸಿದರೆ ಕಲಿ ವರ್ಷ. ಒಂದರಲ್ಲಿ ದಿನ, ಇನ್ನೊಂದರಲ್ಲಿ ವರ್ಷ, ಮಾಡುವ ಕೆಲಸ ಒಂದೇ.

ಆದರೆ ಇಲ್ಲಿ ಕಾಲಿಗೆ ತೊಡರುವ ಒಂದು ಸಣ್ಣ ಕಲ್ಲಿದೆ. ಐಹೊಳೆ ಶಾಸನ 'ಕಳೆದಾಗ' ಎನ್ನುತ್ತದೆ, ಗಮನಿಸಿ. ನಮ್ಮ ಮನೆಗಳಲ್ಲಿ ವಯಸ್ಸು ಕೇಳಿದರೆ ಹಿರಿಯರು ಹೇಗೆ ಹೇಳುತ್ತಾರೆ? 'ಎಪ್ಪತ್ತು ತುಂಬಿತು, ಎಪ್ಪತ್ತೊಂದು ನಡೀತಾ ಇದೆ.' ತುಂಬಿದ್ದು ಬೇರೆ, ನಡೆಯುತ್ತಿರುವುದು ಬೇರೆ. ಪಂಚಾಂಗದಲ್ಲೂ ಗತ ವರ್ಷ, ವರ್ತಮಾನ ವರ್ಷ ಎಂದು ಎರಡು ಲೆಕ್ಕ. ಕಂಪ್ಯೂಟರಿನಲ್ಲೂ ಹಾಗೇ. ಯುನಿಕ್ಸ್ ತುಂಬಿದ್ದನ್ನು ಎಣಿಸುತ್ತದೆ, ಅದರ ಮೊದಲ ದಿನ 0. ಎಕ್ಸೆಲ್ ನಡೆಯುತ್ತಿರುವುದನ್ನು ಎಣಿಸುತ್ತದೆ, ಅದರ ಮೊದಲ ದಿನ 1. ಜಾವಾಸ್ಕ್ರಿಪ್ಟ್ ಎಂಬ ಭಾಷೆಯಲ್ಲಂತೂ ತಾರೀಖು 1ರಿಂದ, ತಿಂಗಳು ಮಾತ್ರ 0ಯಿಂದ. ಜನವರಿ ಅಂದರೆ 0, ಡಿಸೆಂಬರ್ ಅಂದರೆ 11. ಹೊಸದಾಗಿ ಕೋಡಿಂಗ್ ಕಲಿಯುವ ಹುಡುಗರು ಇಲ್ಲಿ ಒಮ್ಮೆಯಾದರೂ ಎಡವುತ್ತಾರೆ. ನಾನು ಅವರಿಗೆ ಹೇಳುವುದು ಒಂದೇ: ಅಜ್ಜಿಯ ಮಾತು ನೆನಪಿಟ್ಟುಕೊಳ್ಳಿ, ಈ ನಂಬರು ತುಂಬಿದ್ದೋ ನಡೆಯುತ್ತಿರುವುದೋ ಎಂದು ಕೇಳಿಕೊಳ್ಳಿ.

ಇಷ್ಟು ಸುಲಭ ಇದ್ದರೆ ಕಷ್ಟ ಎಲ್ಲಿದೆ? ಬಟ್ಟೆ ತೊಡಿಸುವುದರಲ್ಲಿದೆ. ಆಕಾಶದಲ್ಲಿ ಯಾವುದೂ ಪೂರ್ಣಾಂಕದಲ್ಲಿ ನಡೆಯುವುದಿಲ್ಲ. ಋತುಗಳ ಒಂದು ಸುತ್ತು ಸುಮಾರು 365.2422 ದಿನ. ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಸರಾಸರಿ 29.53 ದಿನ. ಇವುಗಳನ್ನು ಇಡೀ ದಿನಗಳಲ್ಲಿ ಹಿಡಿಸಬೇಕು.

ಇಂಗ್ಲಿಷ್ ಕ್ಯಾಲೆಂಡರ್ ಚಂದ್ರನನ್ನು ಕೈಬಿಟ್ಟಿತು. ಸೂರ್ಯನಿಗೆ ಮಾತ್ರ ಹೊಂದಿಕೊಂಡರೆ ಸಾಕು ಅಂದಿತು. ನಾಲ್ಕರಿಂದ ಭಾಗವಾದರೆ ಅಧಿಕ ವರ್ಷ, ನೂರರಿಂದಲೂ ಭಾಗವಾದರೆ ಅಲ್ಲ, ನಾನೂರರಿಂದ ಭಾಗವಾದರೆ ಮತ್ತೆ ಹೌದು. 400 ವರ್ಷಕ್ಕೆ 97 ಅಧಿಕ ದಿನ, ಒಟ್ಟು 1,46,097 ದಿನ. ಈ ಸಂಖ್ಯೆ 7ರಿಂದ ನಿಶ್ಶೇಷವಾಗಿ ಭಾಗವಾಗುತ್ತದೆ. ಹಾಗಾಗಿ 400 ವರ್ಷಕ್ಕೊಮ್ಮೆ ವಾರಗಳೂ ಸೇರಿ ಇಡೀ ಕ್ಯಾಲೆಂಡರ್ ಮರುಕಳಿಸುತ್ತದೆ.

ನಮ್ಮ ಚಾಂದ್ರಮಾನ ಹಾಗಲ್ಲ. ಅದು ಸೂರ್ಯ, ಚಂದ್ರ ಇಬ್ಬರ ಕೈಯನ್ನೂ ಹಿಡಿದು ನಡೆಯುತ್ತದೆ. ಹನ್ನೆರಡು ಚಾಂದ್ರ ತಿಂಗಳು ಸೇರಿದರೆ ಸುಮಾರು 354 ದಿನ. ವರ್ಷಕ್ಕೆ 11 ದಿನ ಕಡಿಮೆ. ಹಾಗೇ ಬಿಟ್ಟರೆ ಯುಗಾದಿ ಬೇಸಿಗೆಯಿಂದ ಚಳಿಗಾಲಕ್ಕೆ ಜಾರುತ್ತದೆ. ಅದಕ್ಕೆ ಸುಮಾರು ಮೂವತ್ತೆರಡೂವರೆ ತಿಂಗಳಿಗೊಮ್ಮೆ ಅಧಿಕ ಮಾಸ. 2023ರಲ್ಲಿ ಅಧಿಕ ಶ್ರಾವಣ ಬಂದದ್ದು ನೆನಪಿದೆಯಾ? ಹಬ್ಬಗಳೆಲ್ಲ ತಡ ಆದವು. 2026ರದ್ದು ಅಧಿಕ ಜ್ಯೇಷ್ಠ.

ತಿಥಿಯ ಕಥೆ ಇನ್ನೂ ಸೂಕ್ಷ್ಮ. ಚಂದ್ರ ಸೂರ್ಯನಿಂದ 12 ಡಿಗ್ರಿ ಮುಂದೆ ಹೋಗಲು ಹಿಡಿಯುವ ಹೊತ್ತು ಒಂದು ತಿಥಿ. ಚಂದ್ರ ಒಂದೇ ವೇಗದಲ್ಲಿ ಓಡುವುದಿಲ್ಲ. ಹಾಗಾಗಿ ಒಂದು ತಿಥಿ 20 ಗಂಟೆಗೂ ಮುಗಿಯಬಹುದು, 26 ಗಂಟೆಗೂ ಎಳೆಯಬಹುದು. ಸೂರ್ಯ ಹುಟ್ಟುವಾಗ ಯಾವ ತಿಥಿ ಇದೆಯೋ ಆ ದಿನಕ್ಕೆ ಅದೇ ಹೆಸರು. ಹೀಗಾಗಿ ಒಂದು ತಿಥಿ ಎರಡು ಸೂರ್ಯೋದಯ ಕಂಡರೆ ಎರಡು ದಿನ ಒಂದೇ ತಿಥಿ. ಎರಡು ಸೂರ್ಯೋದಯಗಳ ನಡುವೆ ಹುಟ್ಟಿ ಮುಗಿದುಹೋದರೆ ಅದು ಕ್ಷಯ. ಪಂಚಾಂಗದಲ್ಲಿ ತದಿಗೆ ಆದಮೇಲೆ ನೇರ ಪಂಚಮಿಗೆ ಹಾರುವುದು ಇದರಿಂದಲೇ.

ಇಲ್ಲೇ ಇರುವುದು ಗಮ್ಮತ್ತು. ಸೂರ್ಯೋದಯ ಎಲ್ಲಿಯದ್ದು? ಬೆಂಗಳೂರಿನದ್ದೇ, ಸ್ಯಾನ್ ಫ್ರಾನ್ಸಿಸ್ಕೋದ್ದೇ? ಅಮೆರಿಕದಲ್ಲಿರುವ ನನ್ನ ತಂಗಿ ಇಲ್ಲಿಂದ ಕಳಿಸಿದ ಕ್ಯಾಲೆಂಡರ್ ನೋಡಿ ಏಕಾದಶಿ ಮಾಡುತ್ತಿದ್ದಳು. ಅಲ್ಲಿನ ದೇವಸ್ಥಾನದವರು ಬೇರೆ ದಿನ ಹೇಳಿದಾಗ ಯಾರದು ತಪ್ಪು ಅಂತ ಫೋನ್ ಮಾಡಿ ಕೇಳಿದಳು. ಯಾರದ್ದೂ ತಪ್ಪಲ್ಲ. ತಿಥಿ ಎಂಬುದು ಇಡೀ ಭೂಮಿಗೆ ಒಂದೇ ಕ್ಷಣದಲ್ಲಿ ಮುಗಿಯುತ್ತದೆ. ಆ ಕ್ಷಣದಲ್ಲಿ ನಿಮ್ಮೂರಲ್ಲಿ ಬೆಳಗಾಗಿದೆಯೋ ಇಲ್ಲವೋ ಎನ್ನುವುದರ ಮೇಲೆ ದಿನದ ಹೆಸರು ಬದಲಾಗುತ್ತದೆ. ಒಳ್ಳೆಯ ಪಂಚಾಂಗದ ಆ್ಯಪ್ ಮೊದಲು ನಿಮ್ಮ ಊರು ಕೇಳುವುದು ಇದಕ್ಕೇ. ಊರು ಕೇಳದೆ ತಿಥಿ ಹೇಳುವ ಆ್ಯಪನ್ನು ನಂಬಬೇಡಿ.

ಇಷ್ಟೆಲ್ಲ ಗೋಜಲಿನಿಂದ ಅಹರ್ಗಣಕ್ಕೆ ಹೋಗುವ ದಾರಿಯನ್ನು ಹಳಬರು ಎಷ್ಟು ಚೆನ್ನಾಗಿ ಕಟ್ಟಿದ್ದರು ನೋಡಿ. ಕಳೆದ ಸೌರ ವರ್ಷಗಳನ್ನು 12ರಿಂದ ಗುಣಿಸು, ಈ ವರ್ಷದಲ್ಲಿ ಕಳೆದ ತಿಂಗಳು ಸೇರಿಸು. ಅಷ್ಟರಲ್ಲಿ ಬಂದುಹೋದ ಅಧಿಕ ಮಾಸ ಸೇರಿಸು. 30ರಿಂದ ಗುಣಿಸಿ ಕಳೆದ ತಿಥಿ ಸೇರಿಸು. ಅದರಲ್ಲಿ ಕ್ಷಯ ತಿಥಿಗಳನ್ನು ಕಳೆ. ಉಳಿದದ್ದು ದಿನ. ಅಧಿಕ ಮಾಸ ಎಷ್ಟು, ಕ್ಷಯ ಎಷ್ಟು ಎಂದು ತಿಳಿಯಲು ದಶಾಂಶ ಬೇಕಿರಲಿಲ್ಲ. ಸೂರ್ಯ ಸಿದ್ಧಾಂತದಲ್ಲಿ 43,20,000 ವರ್ಷದ ಮಹಾಯುಗಕ್ಕೆ 15,93,336 ಅಧಿಕ ಮಾಸ, ಒಟ್ಟು 157 ಕೋಟಿ 79 ಲಕ್ಷ 17 ಸಾವಿರದ 828 ದಿನ. ಎಲ್ಲ ಪೂರ್ಣಾಂಕ. ಭಿನ್ನರಾಶಿ ಬೇಡ ಅಂದರೆ ದೊಡ್ಡ ಚಕ್ರ ಹಿಡಿ ಎಂಬ ಜಾಣ್ಮೆ ಇದು. ತಂತ್ರಾಂಶ ಬರೆಯುವವರು 1,46,097 ದಿನದ ಚಕ್ರ ಹಿಡಿಯುವುದೂ ಇದೇ ಕಾರಣಕ್ಕೆ.

ಆ ಚಕ್ರದ ಪ್ರಕಾರ ವರ್ಷ 365.2587 ದಿನ. ಅದು ನಕ್ಷತ್ರಗಳನ್ನು ನೋಡಿ ಅಳೆದ ವರ್ಷ. ಇಂಗ್ಲಿಷ್ ಕ್ಯಾಲೆಂಡರ್ ಋತುಗಳನ್ನು ನೋಡಿ ಅಳೆದದ್ದು. ಇವೆರಡರ ನಡುವಿನ ಸಣ್ಣ ಅಂತರದಿಂದ ನಮ್ಮ ಸಂಕ್ರಾಂತಿ ಜನವರಿಯಲ್ಲಿ ನಿಧಾನಕ್ಕೆ ಮುಂದೆ ಸರಿಯುತ್ತಿದೆ. ಸ್ವಾಮಿ ವಿವೇಕಾನಂದರು ಹುಟ್ಟಿದ್ದು ಮಕರ ಸಂಕ್ರಾಂತಿಯಂದು, 1863ರ ಜನವರಿ 12. ಈಗ ಎಳ್ಳು ಬೀರುವುದು 14 ಅಥವಾ 15ಕ್ಕೆ.

ಅಜ್ಜಿಯ ಹುಟ್ಟಿದ ದಿನದ ವಿಷಯಕ್ಕೆ ಬರುತ್ತೇನೆ. ದಾಖಲೆಯಲ್ಲಿ ಜೂನ್ 1. ಅವರ ತಲೆಮಾರಿನ ಎಷ್ಟೋ ಜನರದ್ದು ಜೂನ್ 1ರಂದೇ ಹುಟ್ಟುಹಬ್ಬ, ಶಾಲೆಗೆ ಸೇರಿಸುವಾಗ ಮೇಷ್ಟ್ರು ಬರೆದುಕೊಂಡದ್ದು. ಮನೆಯಲ್ಲಿ ಹೇಳುತ್ತಿದ್ದದ್ದು ಬೇರೆ: ಬಹುಧಾನ್ಯ ಸಂವತ್ಸರ, ನಾಗರ ಪಂಚಮಿ. ಬಹುಧಾನ್ಯ ಅಂದರೆ 1938-39. ಆದರೆ 1998-99 ಕೂಡ ಬಹುಧಾನ್ಯವೇ. ಪ್ರಭವದಿಂದ ಅಕ್ಷಯದ ತನಕ 60 ಹೆಸರು, ಮುಗಿದರೆ ಮತ್ತೆ ಮೊದಲಿಂದ. ಮನೆಯವರಿಗೆ ಗೊಂದಲ ಇಲ್ಲ, ಅಜ್ಜಿ 1998ರಲ್ಲಿ ಹುಟ್ಟಿದ್ದಲ್ಲ ಎಂದು ನೋಡಿದರೇ ಗೊತ್ತಾಗುತ್ತದೆ. ಕಂಪ್ಯೂಟರಿಗೆ ಗೊತ್ತಾಗುವುದಿಲ್ಲ.

ಇದೇ ತೊಂದರೆ ವೈಟುಕೆ ಎಂಬ ಹೆಸರಲ್ಲಿ ಜಗತ್ತನ್ನು ಕಾಡಿತು. ಹಿಂದೆ ಕಂಪ್ಯೂಟರಿನ ಮೆಮೊರಿ ತುಂಬಾ ದುಬಾರಿ. ಜಾಗ ಉಳಿಸಲು 1975ನ್ನು ಬರೀ 75 ಎಂದು ಬರೆದಿಡುತ್ತಿದ್ದರು. ಅಂದರೆ 100 ವರ್ಷದ ಸಂವತ್ಸರ ಚಕ್ರ ಮಾಡಿಕೊಂಡ ಹಾಗಾಯಿತು. 2000 ಬಂದಾಗ 00 ಎಂದರೆ 1900 ಎಂದು ಯಂತ್ರ ತಿಳಿದರೆ ಏನು ಗತಿ? ಕೋಟಿಗಟ್ಟಲೆ ಸಾಲು ಕೋಡ್ ತೆರೆದು ಎರಡಂಕಿಯನ್ನು ನಾಲ್ಕಂಕಿ ಮಾಡಬೇಕಾಯಿತು. ಆ ಕೆಲಸದ ದೊಡ್ಡ ಪಾಲು ಭಾರತಕ್ಕೆ ಬಂತು, ಬೆಂಗಳೂರಿಗೂ ಬಂತು. ಏನೂ ಆಗಲಿಲ್ಲವಲ್ಲ, ಸುಮ್ನೆ ಹೆದರಿಸಿದರು ಎಂದು ಈಗಲೂ ಕೆಲವರು ಹೇಳುತ್ತಾರೆ. ಏನೂ ಆಗದಿರಲಿ ಎಂದೇ ರಾತ್ರಿಯೆಲ್ಲ ಕೂತು ಕೆಲಸ ಮಾಡಿದವರಿದ್ದರು. ಅವರಿಗೆ ಸಲ್ಲಬೇಕಾದ ಮೆಚ್ಚುಗೆ ಸಂದಿಲ್ಲ ಎಂದೇ ನನ್ನ ಅಭಿಪ್ರಾಯ.

ಶಾಸನ ಬರೆಸಿದವರು ಈ ವಿಷಯದಲ್ಲಿ ಜಾಗರೂಕರು. ಅವರು ಸಂವತ್ಸರದ ಹೆಸರೊಂದನ್ನೇ ಬರೆದು ಬಿಡುತ್ತಿರಲಿಲ್ಲ. ಶಕ ವರ್ಷ, ಸಂವತ್ಸರ, ಮಾಸ, ಪಕ್ಷ, ತಿಥಿ, ವಾರ, ಕೆಲವೊಮ್ಮೆ ಗ್ರಹಣ, ಎಲ್ಲ ಸೇರಿಸಿ ಬರೆಸುತ್ತಿದ್ದರು. ಇವು ಒಂದಕ್ಕೊಂದು ಸಾಕ್ಷಿ. ಯಾರಾದರೂ ನಂತರ ಸುಳ್ಳು ತಾಮ್ರಪತ್ರ ಮಾಡಿಸಿದರೆ ತಿಥಿಗೂ ವಾರಕ್ಕೂ ಹೊಂದಿಕೆಯಾಗದೆ ಅನುಮಾನ ಹುಟ್ಟುತ್ತದೆ. ನಮ್ಮ ಆಧಾರ್ ನಂಬರಿನ ಕೊನೆಯ ಅಂಕಿ ಹೀಗೇ ಉಳಿದ ಹನ್ನೊಂದು ಅಂಕಿಗಳಿಗೆ ಸಾಕ್ಷಿಯಾಗಿ ಕೂತಿದೆ. ಒಂದಂಕಿ ತಪ್ಪಾಗಿ ಒತ್ತಿದರೆ ಅದು ಹಿಡಿದುಬಿಡುತ್ತದೆ. ಶಾಸನಗಳಲ್ಲಿ ವರ್ಷ ಇದ್ದರೆ ಎಷ್ಟು ಸಲೀಸು ಎಂಬುದಕ್ಕೆ ಎರಡನ್ನು ಪಕ್ಕಪಕ್ಕ ಇಡಬಹುದು. ಬಾದಾಮಿ ಕೋಟೆಯ ಬಂಡೆಯ ಮೇಲಿನ ಒಂದನೇ ಪುಲಕೇಶಿಯ ಶಾಸನದಲ್ಲಿ ಶಕ 465 ಎಂದಿದೆ. ಅದು ಕ್ರಿ.ಶ. 543, ಮುಗಿಯಿತು. ಹಲ್ಮಿಡಿ ಶಾಸನದಲ್ಲಿ ವರ್ಷವಿಲ್ಲ. ಲಿಪಿ ನೋಡಿ, ಭಾಷೆ ನೋಡಿ ಸುಮಾರು 450 ಎಂದು ಅಂದಾಜಿಸುತ್ತಾ ವಿದ್ವಾಂಸರು ಇವತ್ತಿಗೂ ಚರ್ಚೆ ಮಾಡುತ್ತಿದ್ದಾರೆ.

ತಂತ್ರಾಂಶದಲ್ಲಿ ಒಮ್ಮೆ ಹೊಕ್ಕ ತಪ್ಪು ಎಷ್ಟು ದಿನ ಬಾಳುತ್ತದೆ ಎಂದು ನೋಡಬೇಕಾ? ಈಗಲೇ ಎಕ್ಸೆಲ್ ತೆರೆಯಿರಿ. ಒಂದು ಮನೆಯಲ್ಲಿ 60 ಎಂದು ಒತ್ತಿ, ಅದನ್ನು ದಿನಾಂಕವಾಗಿ ತೋರಿಸಲು ಹೇಳಿ. 1900ರ ಫೆಬ್ರವರಿ 29 ಎಂದು ತೋರಿಸುತ್ತದೆ. ಅಂಥ ದಿನವೇ ಇರಲಿಲ್ಲ. 1900 ನೂರರಿಂದ ಭಾಗವಾಗುತ್ತದೆ, ನಾನೂರರಿಂದ ಆಗುವುದಿಲ್ಲ. ಎಕ್ಸೆಲ್‌ಗಿಂತ ಮೊದಲು ಲೋಟಸ್ 1-2-3 ಎಂಬ ತಂತ್ರಾಂಶ ಎಲ್ಲರ ಕಚೇರಿಯಲ್ಲಿತ್ತು. ಅದು 1900ನ್ನು ಅಧಿಕ ವರ್ಷ ಎಂದೇ ಹಿಡಿದಿತ್ತು. ಅದರ ಫೈಲುಗಳು ಎಕ್ಸೆಲ್‌ನಲ್ಲೂ ಸರಿಯಾಗಿ ತೆರೆಯಬೇಕೆಂದು ಮೈಕ್ರೋಸಾಫ್ಟ್‌ನವರು ಗೊತ್ತಿದ್ದೂ ತಪ್ಪನ್ನು ಉಳಿಸಿಕೊಂಡರು. ಈಗ ಸರಿ ಮಾಡಿದರೆ ಜಗತ್ತಿನ ಅಷ್ಟೂ ಫೈಲುಗಳಲ್ಲಿ ಲೆಕ್ಕ ಒಂದು ದಿನ ಪಲ್ಲಟವಾಗುತ್ತದೆ. ಹಾಗಾಗಿ ಆ ಇಲ್ಲದ ದಿನ ಇನ್ನೂ ಅಲ್ಲೇ ಇದೆ.

ಇರಬೇಕಿದ್ದ ದಿನಗಳು ಇಲ್ಲವಾದದ್ದೂ ಇದೆ. ಯುನಿಕ್ಸ್ ಅಥವಾ ಲಿನಕ್ಸ್ ಯಂತ್ರದಲ್ಲಿ ಕ್ಯಾಲ್ ಎಂಬ ಹಳೆಯ ಆಜ್ಞೆ ಇದೆ. ಅದಕ್ಕೆ 1752ರ ಸೆಪ್ಟೆಂಬರ್ ತೋರಿಸು ಎಂದರೆ 1, 2 ಆದಮೇಲೆ 14 ಬರುತ್ತದೆ. ಬ್ರಿಟನ್ ಮತ್ತು ಅದರ ವಸಾಹತುಗಳು ಹಳೆಯ ಜೂಲಿಯನ್ ಕ್ಯಾಲೆಂಡರ್ ಬಿಟ್ಟು ಹೊಸದಕ್ಕೆ ಬಂದ ತಿಂಗಳು ಅದು. 11 ತಾರೀಖು ಹಾರಿಸಿದರು. ವಾರ ಮಾತ್ರ ತಪ್ಪಲಿಲ್ಲ, ಬುಧವಾರ ಆದಮೇಲೆ ಗುರುವಾರವೇ ಬಂತು. ಇಟಲಿ, ಸ್ಪೇನ್ 1582ರಲ್ಲೇ ಬದಲಾಯಿಸಿದ್ದವು, ರಷ್ಯಾ 1918ರ ತನಕ ಕಾಯಿತು. ಬಟ್ಟೆ ಬದಲಾಯಿಸಿದ ದಿನ ದೇಶಕ್ಕೊಂದು. ಒಳಗಿನ ದಿನದ ಸಾಲಿಗೆ ಏನೂ ಆಗಲಿಲ್ಲ.

ಬರೆಯುವ ಕ್ರಮವೂ ಕಾಡುತ್ತದೆ. 05/06/2025 ಎಂದರೆ ನಮಗೆ ಜೂನ್ 5, ತಂಗಿಗೆ ಅಮೆರಿಕದಲ್ಲಿ ಮೇ 6. ಅಮ್ಮ ಇಲ್ಲಿಂದ ಮಾತ್ರೆ ಕಳಿಸುವಾಗ ತಿಂಗಳನ್ನು ಅಕ್ಷರದಲ್ಲಿ ಬರೆದು ಚೀಟಿ ಅಂಟಿಸುತ್ತಾರೆ. ನಾನು ಫೈಲುಗಳಿಗೆ 2025-06-05 ಎಂದು ವರ್ಷ ಮೊದಲು ಬರೆಯುತ್ತೇನೆ. ಹೆಸರಿನ ಪ್ರಕಾರ ಜೋಡಿಸಿದರೆ ಕಾಲದ ಪ್ರಕಾರವೂ ತಾನಾಗಿ ಜೋಡಣೆಯಾಗುತ್ತದೆ. ಅಂಕಿಯ ಕ್ರಮವೇ ಬದಲಾದ ಉದಾಹರಣೆ ಶ್ರೀರಂಗಪಟ್ಟಣದಲ್ಲಿದೆ. ಟಿಪ್ಪು ಸುಲ್ತಾನ್ ಹಿಜರಿ ಲೆಕ್ಕ ಬಿಟ್ಟು ಮೌಲೂದಿ ಎಂಬ ತನ್ನದೇ ಶಕೆ ತಂದ ಮೇಲೆ ನಾಣ್ಯಗಳ ಮೇಲಿನ ವರ್ಷವನ್ನು ಬಲದಿಂದ ಎಡಕ್ಕೆ ಬರೆಸಿದ. ಗೊತ್ತಿಲ್ಲದವರು ಆ ನಾಣ್ಯವನ್ನು ಉಲ್ಟಾ ಓದುತ್ತಾರೆ.

ನನಗೆ ಹೆಚ್ಚು ಸಿಟ್ಟು ತರಿಸಿದ್ದು ಮಾತ್ರ ಬೇರೆ ತಪ್ಪು. ಅಕ್ಕನ ಮಗನಿಗೆ ವಿದ್ಯಾರ್ಥಿವೇತನದ ಅರ್ಜಿ ಹಾಕಬೇಕಿತ್ತು. ಆನ್‌ಲೈನ್ ಅರ್ಜಿಯಲ್ಲಿ ಹುಟ್ಟಿದ ದಿನ 15 ಎಂದು ತುಂಬಿದೆವು. ಸಲ್ಲಿಸಿ, ಪ್ರಿಂಟ್ ತೆಗೆದರೆ 14. ಮೂರು ಸಲ ತಿದ್ದಿದರೂ ಅದೇ. ಅಂಕಪಟ್ಟಿಗೆ ಹೊಂದುವುದಿಲ್ಲ ಎಂದು ಅರ್ಜಿ ವಾಪಸ್ ಬಂತು. ಕಾರಣ ಕೊನೆಗೆ ಹೊಳೆಯಿತು. ಆ ತಂತ್ರಾಂಶ ಹುಟ್ಟಿದ ದಿನವನ್ನು ಒಂದು ಕ್ಷಣ ಎಂದು ತಿಳಿದು, 15ರ ಮಧ್ಯರಾತ್ರಿ 12 ಗಂಟೆ, ಭಾರತದ ಸಮಯ ಎಂದು ಉಳಿಸುತ್ತಿತ್ತು. ಅದನ್ನು ಯುಟಿಸಿಗೆ ಬದಲಾಯಿಸಿದರೆ ಐದೂವರೆ ಗಂಟೆ ಹಿಂದೆ, ಅಂದರೆ 14ರ ಸಂಜೆ 6:30. ಗಂಟೆ ಕತ್ತರಿಸಿ ತಾರೀಖು ಮಾತ್ರ ತೋರಿಸಿದರೆ 14.

ಹುಟ್ಟಿದ ದಿನ ಒಂದು ಕ್ಷಣವಲ್ಲ, ಅದು ದಿನ. ಅದಕ್ಕೆ ಗಂಟೆಯೂ ಇಲ್ಲ, ದೇಶದ ಸಮಯವೂ ಇಲ್ಲ. ರೈಲು ಹೊರಡುವ ಹೊತ್ತು, ಬ್ಯಾಂಕಿನಿಂದ ಹಣ ಹೋದ ಹೊತ್ತು ಕ್ಷಣಗಳು. ಎರಡನ್ನೂ ಒಂದೇ ಡಬ್ಬಿಗೆ ಹಾಕಬಾರದು. ಜೊತೆಗೆ ಸಮಯದ ಪಟ್ಟಿಗಳೂ ಸ್ಥಿರವಲ್ಲ. ಎರಡನೇ ಮಹಾಯುದ್ಧದ ಹೊತ್ತಲ್ಲಿ, 1942ರಿಂದ 1945ರ ತನಕ, ಭಾರತದ ಗಡಿಯಾರ ಇನ್ನೂ ಒಂದು ಗಂಟೆ ಮುಂದೆ ಹೋಗಿ ಗ್ರೀನಿಚ್‌ಗಿಂತ ಆರೂವರೆ ಗಂಟೆ ಮುಂದಿತ್ತು. ಸಮೋವಾ ದೇಶ 2011ರ ಡಿಸೆಂಬರ್ 30ನ್ನು ಪೂರ್ತಿ ಬಿಟ್ಟು ದಿನರೇಖೆಯ ಆಚೆ ಬದಿಗೆ ಹೋಯಿತು. ಇಂಥ ಬದಲಾವಣೆಗಳನ್ನೆಲ್ಲ ಸ್ವಯಂಸೇವಕರು ಒಂದು ಪಟ್ಟಿಯಲ್ಲಿ ಬರೆದಿಡುತ್ತಾರೆ. ನಿಮ್ಮ ಫೋನಿನಲ್ಲೂ ಅದೇ ಪಟ್ಟಿ ಇದೆ.

ಈಗ ಮುಂದಿನ ಗಂಡಾಂತರ. ಹಳೆಯ ಯಂತ್ರಗಳು ಆ ಸೆಕೆಂಡುಗಳ ಎಣಿಕೆಯನ್ನು 32 ಬಿಟ್‌ನ, ಅಂದರೆ ಸೊನ್ನೆ ಅಥವಾ ಒಂದು ಹಿಡಿಯುವ 32 ಮನೆಗಳ, ಡಬ್ಬಿಯಲ್ಲಿ ಇಡುತ್ತವೆ. ಅದರಲ್ಲಿ ಹಿಡಿಯುವ ಅತಿ ದೊಡ್ಡ ಸಂಖ್ಯೆ 214 ಕೋಟಿ 74 ಲಕ್ಷ 83 ಸಾವಿರದ 647. ಎಣಿಕೆ ಅಲ್ಲಿಗೆ ಮುಟ್ಟುವುದು 2038ರ ಜನವರಿ 19, ಮಂಗಳವಾರ, ನಮ್ಮ ಸಮಯ ಬೆಳಿಗ್ಗೆ 8 ಗಂಟೆ 44 ನಿಮಿಷ 7 ಸೆಕೆಂಡಿಗೆ. ಮುಂದಿನ ಸೆಕೆಂಡಿಗೆ ಅದು ಉರುಳಿ ಹೆಚ್ಚುಕಡಿಮೆ ಅಷ್ಟೇ ದೊಡ್ಡ ಮೈನಸ್ ಸಂಖ್ಯೆಯಾಗಿ 1901ರ ಡಿಸೆಂಬರ್‌ಗೆ ಹೋಗುತ್ತದೆ. ಹೊಸ ಫೋನು, ಕಂಪ್ಯೂಟರುಗಳಲ್ಲಿ 64 ಬಿಟ್‌ನ ಡಬ್ಬಿ ಇದೆ, ಅದು ಸದ್ಯಕ್ಕೆ ತುಂಬುವಂಥದ್ದಲ್ಲ. ಭಯ ಇರುವುದು ಕಣ್ಣಿಗೆ ಕಾಣದ ಕಡೆ: ಕಾರ್ಖಾನೆಯ ಯಂತ್ರ, ಹಳೆಯ ಮೀಟರು, ಗೋಡೆಯೊಳಗಿನ ಪೆಟ್ಟಿಗೆ. ಇವತ್ತು ಹದಿನೈದು ವರ್ಷದ ಗೃಹಸಾಲ ತೆಗೆದರೂ ಕೊನೆಯ ಕಂತು 2038 ದಾಟುತ್ತದೆ. ಹಾಗಾಗಿ ಈ ಸಮಸ್ಯೆ ಮುಂದೆ ಎಂದೋ ಬರುವುದಲ್ಲ, ಲೆಕ್ಕದೊಳಗೆ ಆಗಲೇ ಬಂದಿದೆ.

ಫೋಟೋಗಳ ಕಥೆ ಏನಾಯಿತು ಎಂದು ಹೇಳಬೇಕು. ಒಂದರಲ್ಲಿ ಅಜ್ಜಿ ಬಾಗಿಲ ಬಳಿ ಕೂತು ಹಣತೆಗೆ ಎಣ್ಣೆ ಹಾಕುತ್ತಿದ್ದಾರೆ. ಹಿಂದಿನ ಗೋಡೆಯಲ್ಲಿ ಕ್ಯಾಲೆಂಡರ್. ವರ್ಷ ಬರೆದ ಮೇಲ್ಭಾಗವನ್ನು ಬಾಗಿಲು ಮರೆ ಮಾಡಿದೆ. ದೊಡ್ಡದು ಮಾಡಿ ನೋಡಿದರೆ ನವೆಂಬರ್ ಎಂಬ ಅಕ್ಷರ ಕಾಣುತ್ತದೆ, 1 ಗುರುವಾರದ ಸಾಲಿನಲ್ಲಿದೆ. ನವೆಂಬರ್ 1 ಗುರುವಾರ ಬಂದ ವರ್ಷಗಳು 2007, 2012, 2018. ಆ ಫೋನ್ ಕೊಂಡದ್ದು 2009ರಲ್ಲಿ, ಬಳಸುವುದು ಬಿಟ್ಟದ್ದು 2014ರಲ್ಲಿ. ಉಳಿದದ್ದು 2012 ಒಂದೇ. ಬಾಗಿಲಲ್ಲಿ ಸೆಗಣಿಯ ಕೆರಕ, ಅದಕ್ಕೆ ಚೆಂಡು ಹೂವು ಸಿಕ್ಕಿಸಿದೆ. ನಮ್ಮ ಮನೆಯಲ್ಲಿ ಅದನ್ನು ಇಡುವುದು ಬಲಿಪಾಡ್ಯಮಿಯಂದು. ಆ ವರ್ಷ ಬಲಿಪಾಡ್ಯಮಿ ನವೆಂಬರ್ 14, ಬುಧವಾರ. ಅಹರ್ಗಣ 18,67,780. 7ರಿಂದ ಭಾಗಿಸಿದೆ, ಶೇಷ 5. ಶುಕ್ರವಾರದಿಂದ ಐದು ಎಣಿಸಿದೆ. ಬುಧವಾರವೇ.

ಫೋಟೋದಲ್ಲಿ ಹೊರಗೆ ಕತ್ತಲಾಗುತ್ತಿದೆ, ದೀಪ ಹಚ್ಚುವ ಹೊತ್ತು. ಸಂಜೆ ಆರೂವರೆ ಎಂದು ಹಿಡಿದು ಫೋಟೋದ ದಿನಾಂಕ ತಿದ್ದಿದೆ. ಸೊನ್ನೆ ಇದ್ದ ಜಾಗದಲ್ಲಿ ಈಗ 1352898000 ಇದೆ.